ಎರಡು ಕಂತು ಬಂತು, ಮತ್ತೆ ಫೋನೂ ಇಲ್ಲ

ಪ್ರಶ್ನೆ: ಅಡಿಕೆ ಕೊಂಡ ವ್ಯಾಪಾರಿ ಕೊಟ್ಟ 4,80,000 ರೂಪಾಯಿಯ ಚೆಕ್ ಬೌನ್ಸ್ ಆಗಿ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿ ಕೇಸು ಹಾಕಿದ್ದೆ. ಅಲ್ಲಿಂದ ಲೋಕ ಅದಾಲತ್ತಿಗೆ ಹೋಗಿ 4,20,000ಕ್ಕೆ ರಾಜಿಯಾಯಿತು, 70,000ದಂತೆ ಆರು ಕಂತು. ಎರಡು ಬಂತು. ಮೂರನೆಯದಕ್ಕೆ ಕೊಟ್ಟ ಚೆಕ್ ಕಳೆದ ವಾರ ವಾಪಸಾಗಿದೆ. ಹಳೇ ಕೇಸು ಪುನಃ ತೆರೆಸಬಹುದೇ? ಕಾಗದವೆಲ್ಲ ಮಲಯಾಳದಲ್ಲಿದೆ.
– ಕೃಷಿಕ, ಬದಿಯಡ್ಕ

ಉತ್ತರ: ಹಳೇ ಕೇಸಿನ ಆಸೆ ಬಿಡಿ. ರಾಜಿಯಾದ ಮೇಲೆ ಮೂಲ ದೂರು ಆ ರಾಜಿಯೊಳಗೇ ಕರಗಿತೆಂದೂ, ಎರಡನ್ನೂ ಒಟ್ಟಿಗೆ ನಡೆಸುವ ಹಾಗಿಲ್ಲವೆಂದೂ ಸುಪ್ರೀಂ ಕೋರ್ಟು 2021ರಲ್ಲಿ ಹೇಳಿದೆ. ಹಾಗಂತ ನೀವು ಕೈಕಟ್ಟಿ ಕೂರಬೇಕಾಗಿಲ್ಲ. ಅದಾಲತ್ತಿನ ಅವಾರ್ಡು, ಅಂದರೆ ನಿಮ್ಮ ರಾಜಿಯನ್ನು ಬರೆದ ಆದೇಶ, ಸಿವಿಲ್ ಕೋರ್ಟಿನ ಡಿಕ್ರಿಗೆ (ತೀರ್ಪಿಗೆ) ಸಮ, ಅದರ ಮೇಲೆ ಅಪೀಲೂ ಇಲ್ಲ. 'ಕ್ರಿಮಿನಲ್ ಕೇಸಿನ ರಾಜಿ ಹೇಗೆ ಡಿಕ್ರಿಯಾಗುತ್ತದೆ?' ಎಂದು ಎರ್ನಾಕುಳಂನ ಮುನ್ಸಿಫ್ ಕೋರ್ಟೊಂದು ಇಂಥದೇ ಒಂದು ಅಮಲ್ಜಾರಿ ಅರ್ಜಿಯನ್ನು (ಡಿಕ್ರಿಯ ಹಣ ಕೋರ್ಟಿನ ಮೂಲಕ ವಸೂಲು ಮಾಡಿಸುವ ಅರ್ಜಿ) ತಳ್ಳಿಹಾಕಿತ್ತು. ಹೈಕೋರ್ಟೂ ಹಾಗೆಯೇ ಅಂದಿತು. ವಿವಾದ ಬರೇ ಆರು ಸಾವಿರ ರೂಪಾಯಿಯದ್ದು! ಅರ್ಜಿ ಹಾಕಿದ ಆ ಪುಣ್ಯಾತ್ಮ ಬಿಡದೆ ದೆಹಲಿಗೆ ಹೋದದ್ದರಿಂದ 2011ರಲ್ಲಿ ಸುಪ್ರೀಂ ಕೋರ್ಟು 'ಅದೂ ಡಿಕ್ರಿಯೇ' ಎಂದಿತು. ಇವತ್ತು ನಿಮಗೆ ಅದೇ ಆಧಾರ.

ಈಗ ಆ ಮಲಯಾಳ ಕಾಗದವನ್ನು ಓದಬಲ್ಲವರ ಮುಂದಿಟ್ಟು ಒಂದೇ ವಾಕ್ಯ ಹುಡುಕಿಸಿ: ಒಂದು ಕಂತು ತಪ್ಪಿದರೆ ಬಾಕಿಯೆಲ್ಲ ಒಟ್ಟಿಗೆ ಕೊಡಬೇಕು ಎಂದಿದೆಯೇ? ಇದ್ದರೆ ಉಳಿದ 2,80,000ಕ್ಕೆ ಇಂದೇ ಅಮಲ್ಜಾರಿ ಹಾಕಬಹುದು. ಇಲ್ಲದಿದ್ದರೆ ಗಡುವು ಮೀರಿದ ಕಂತಿಗೆ ಮಾತ್ರ. ಬಿಟ್ಟುಕೊಟ್ಟ 60,000 ಕೂಡ ಹಾಗೆಯೇ: ತಪ್ಪಿದರೆ ಪೂರ್ತಿ ಮೊತ್ತ ಎಂದು ಬರೆಸಿರದಿದ್ದರೆ ಅದು ಹೋಯಿತು. ನಮ್ಮ ಕಡೆ ಲಿಪಿ ಬಾರದಿದ್ದರೂ ಸಹಿ ಮಾತ್ರ ಸಲೀಸು. ಕನ್ನಡದಲ್ಲಿ ಓದಿ ಹೇಳಿ ಎಂದು ಅಲ್ಲೇ ಕೇಳುವುದಕ್ಕೆ ಏನು ಸಂಕೋಚವೋ, ನನಗೆ ಅರ್ಥವಾಗಿಲ್ಲ.

ಅಮಲ್ಜಾರಿಯಲ್ಲಿ ಬ್ಯಾಂಕ್ ಖಾತೆ, ಅಂಗಡಿಯ ಸರಕು, ಜಾಗ ಜಪ್ತಿಗೆ ಕೇಳಿ. ಅವನನ್ನು ಸಿವಿಲ್ ಜೈಲಿಗೆ ಹಾಕಿಸಲೂ ಕೇಳಬಹುದು, ಹೆಚ್ಚೆಂದರೆ ಮೂರು ತಿಂಗಳು. ಆದರೆ ದುಡ್ಡಿದ್ದೂ ಕೊಡುತ್ತಿಲ್ಲ ಎಂದು ತೋರಿಸಬೇಕು. ಅಲ್ಲದೆ ಅಷ್ಟು ದಿನ ಅವನ ಊಟದ ಭತ್ಯೆ ಕಟ್ಟಬೇಕಾದವರು ನೀವೇ. ನಾನಾದರೆ ಖಾತೆಯ ಹಿಂದೆ ಹೋಗುತ್ತಿದ್ದೆ. ಇದಕ್ಕೆ 12 ವರ್ಷ ಅವಧಿ ಇದೆ, ಅವಸರವಿಲ್ಲ.

ಅವಸರ ಇರುವುದು ಹೊಸ ಚೆಕ್ಕಿನದ್ದು. ರಾಜಿಯ ಕಂತಿಗೆ ಕೊಟ್ಟ ಚೆಕ್ ಬೌನ್ಸ್ ಆದರೆ ಅದು ಬೇರೆಯೇ ಅಪರಾಧ, ನೆಗೋಷಿಯೇಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 138ನೇ ಸೆಕ್ಷನಿನಲ್ಲಿ ಹೊಸ ಕೇಸು. ಚೆಕ್ ವಾಪಸಾಯಿತೆಂಬ ಬ್ಯಾಂಕಿನ ಮೆಮೊ ಕೈಸೇರಿದ 30 ದಿನದೊಳಗೆ ನೋಟಿಸು ಹೋಗಬೇಕು. ನೋಟಿಸು ಸಿಕ್ಕ ಮೇಲೆ ಹಣ ಕೊಡಲು ಅವನಿಗೆ 15 ದಿನ, ಅದು ಕಳೆದು ಒಂದು ತಿಂಗಳೊಳಗೆ ನಿಮ್ಮ ದೂರು. ಮೆಮೊ ಬಂದು ಒಂದು ವಾರವಾಯಿತು ಎಂದಿದ್ದೀರಿ. ಈ ಸಂಚಿಕೆ ಬದಿಯಡ್ಕ ತಲುಪುವಷ್ಟರಲ್ಲಿ ಇನ್ನೂ ಹತ್ತು ದಿನ ಹೋಗಿರುತ್ತದೆ. ಆದ್ದರಿಂದ ಪತ್ರದಲ್ಲೂ ಇದನ್ನೇ ಬರೆದು ಕಳಿಸಿದ್ದೇನೆ.