ಕತ್ತಿಯ ರೆಸಿಪಿ ಗದೆಗೆ ಕೂರುವುದಿಲ್ಲ

ಈ ಬಾರಿ ಬಂದ ಪತ್ರಗಳಲ್ಲಿ ನಾಲ್ಕು ಒಂದೇ ಆಟದ ಬಗ್ಗೆ ಇವೆ: ಡಯಾಬ್ಲೋ 2. ಮೂಲ ಆಟ ಬಂದಿದ್ದು 2000ರಲ್ಲಿ. ರೂನ್‌ಗಳನ್ನು, ಅಂದರೆ ಆಯುಧದ ತೂತಿಗೆ ಕೂರಿಸುವ ಮಂತ್ರದ ಕಲ್ಲುಗಳನ್ನು, ತಂದ ಮುಂದುವರಿದ ಭಾಗ ಲಾರ್ಡ್ ಆಫ್ ಡಿಸ್ಟ್ರಕ್ಷನ್ 2001ರಲ್ಲಿ ಬಂತು. ಸರಿಯಾದ ಆಯುಧಕ್ಕೆ ಸರಿಯಾದ ರೂನ್‌ಗಳನ್ನು ಸರಿಯಾದ ಸಾಲಿನಲ್ಲಿ ಹಾಕಿದರೆ ಅದಕ್ಕೆ ಹೊಸ ಹೆಸರು, ಹೊಸ ಶಕ್ತಿ ಬರುತ್ತದೆ; ಅದನ್ನು ರೂನ್‌ವರ್ಡ್ ಅನ್ನುತ್ತಾರೆ. ಹೊಸ ಚಿತ್ರಗಳೊಂದಿಗೆ ರಿಸರೆಕ್ಟೆಡ್ ಬಂದಿದ್ದು 2021ರಲ್ಲಿ. ಇಷ್ಟು ಹಳೆಯ ಆಟವನ್ನು ನಮ್ಮ ತುಮಕೂರು, ಕೋಲಾರದ ಕಡೆಯ ಹುಡುಗರು ಹುಡುಗಿಯರು ಈಗಲೂ ಆಡುತ್ತಿದ್ದಾರೆ ಅಂದರೆ ನನಗೆ ತುಂಬಾ ಖುಷಿ. ನಾಲ್ವರ ತೊಂದರೆಯೂ ಸುಮಾರು ಒಂದೇ. ರೆಸಿಪಿ ಬಾಯಿಪಾಠ ಆಗಿದೆ, ಅದು ಯಾವ ಆಯುಧಕ್ಕೆ ಅನ್ನುವುದು ಗೊತ್ತಿಲ್ಲ.

ಸರ್, ನಾನು ತುಮಕೂರಿನಲ್ಲಿ ಬಿ.ಕಾಂ. ಓದುತ್ತಿದ್ದೇನೆ. ನಾಲ್ಕು ತೂತಿನ ಫ್ಲೇಲ್ ಸಿಕ್ಕಿತ್ತು. ಅದಕ್ಕೆ ಟಾಲ್, ಥುಲ್, ಓರ್ಟ್, ಆಮ್ನ್ ರೂನ್‌ಗಳನ್ನು ಇದೇ ಸಾಲಿನಲ್ಲಿ ಹಾಕಿದೆ. ಸ್ಪಿರಿಟ್ ಅನ್ನುವ ರೂನ್‌ವರ್ಡ್ ಆಗಲಿಲ್ಲ. 'ಜೆಮ್ಡ್ ಫ್ಲೇಲ್' ಅಂತ ಹೆಸರು ಬಂತು, ಅಷ್ಟೇ. ಎರಡು ವಾರ ಕಷ್ಟಪಟ್ಟು ಸೇರಿಸಿದ ರೂನ್‌ಗಳು. ಎಲ್ಲಿ ತಪ್ಪಾಯಿತು? ರೂನ್ ವಾಪಸ್ ಸಿಗುತ್ತಾ?

ಮೊದಲು ಬೇಜಾರಿನ ಮಾತು ಹೇಳಿಬಿಡುತ್ತೇನೆ. ಆ ನಾಲ್ಕು ರೂನ್ ವಾಪಸ್ ಬರುವುದಿಲ್ಲ. ಆದರೆ ಫ್ಲೇಲ್ ಉಳಿಯುತ್ತದೆ. ಅದನ್ನು ದಯವಿಟ್ಟು ಮಾರಬೇಡಿ, ಕಾರಣ ಆಮೇಲೆ ಹೇಳುತ್ತೇನೆ.

ನೀವು ರೂನ್ ಹಾಕಿದ ಸಾಲು ಸರಿ ಇದೆ. ತೂತಿನ ಲೆಕ್ಕ ಸರಿ ಇದೆ. ಹೆಸರು ಬಿಳಿ ಅಥವಾ ಬೂದು ಬಣ್ಣದಲ್ಲಿರುವ ಸಾದಾ ಆಯುಧವೇ ಆಗಿರಬೇಕು, ಅದೂ ಸರಿ ಇದೆ. ತಪ್ಪಿದ್ದು ಒಂದೇ. ಸ್ಪಿರಿಟ್ ಕೂರುವುದು ಕತ್ತಿಗೆ ಮತ್ತು ಗುರಾಣಿಗೆ. ಫ್ಲೇಲ್ ಅಂದರೆ ಗದೆ. ಆಯುಧದ ಮೇಲೆ ಮೌಸ್ ಇಟ್ಟರೆ, ಹೊಡೆತದ ವೇಗ ಬರೆದಿರುವ ಸಾಲಿನಲ್ಲೇ 'ಮೇಸ್ ಕ್ಲಾಸ್' ಅಂತ ಇರುತ್ತದೆ. ಆ ಸಾಲನ್ನು ಯಾರೂ ಓದುವುದಿಲ್ಲ. ಡ್ಯಾಮೇಜ್ ಎಷ್ಟು ಅಂತ ನೋಡಿ ಮುಂದೆ ಹೋಗಿಬಿಡುತ್ತೇವೆ.

ಊರಲ್ಲಿ ಕುಲುಮೆ ನೋಡಿದ್ದೀರಾ? ಕೊಡಲಿಗೆ ಅಂತ ಕೆತ್ತಿದ ಕಾವನ್ನು ಗುದ್ದಲಿಗೆ ಹಾಕಲು ಹೋದರೆ ಕೂರುವುದಿಲ್ಲ. ಕಾವು ಒಳ್ಳೆಯದೇ, ಗುದ್ದಲಿಯೂ ಒಳ್ಳೆಯದೇ. ತೂತಿನ ಆಕಾರ ಬೇರೆ, ಅಷ್ಟೇ. ಅದಕ್ಕೇ ಕಮ್ಮಾರರು ಮೊದಲು ಕಬ್ಬಿಣವನ್ನು ಕೈಯಲ್ಲಿ ಹಿಡಿದು ನೋಡುತ್ತಾರೆ, ಆಮೇಲೆ ಮರ ಕೆತ್ತುತ್ತಾರೆ. ಈ ಆಟದಲ್ಲೂ ಅದೇ ಕ್ರಮ ಇಟ್ಟುಕೊಳ್ಳಿ. ಮೊದಲು ಆಯುಧದ ಬಗೆ. ಆಮೇಲೆ ತೂತು ಎಷ್ಟು. ಆಮೇಲೆ ಬಣ್ಣ. ರೂನ್ ಕೈಗೆತ್ತಿಕೊಳ್ಳುವುದು ಕೊನೆಗೆ.

ಎಲ್ಲ ರೆಸಿಪಿಗೂ ಹೀಗೆ ತನ್ನದೇ ಆಯುಧ ಇರುತ್ತದೆ. ಸ್ಟೀಲ್ ಅನ್ನುವ ರೂನ್‌ವರ್ಡ್‌ಗೆ ಟಿರ್, ಎಲ್ ಸಾಕು. ಅದು ಕತ್ತಿ, ಕೊಡಲಿ, ಗದೆ ಮೂರಕ್ಕೂ ಕೂರುತ್ತದೆ. ಝೆಫರ್‌ಗೆ ಓರ್ಟ್, ಎಥ್. ಅದು ಬಿಲ್ಲಿಗೆ, ಕ್ರಾಸ್‌ಬೋಗೆ. ವೈಟ್ ಅನ್ನುವುದು ವಾಂಡ್‌ಗೆ, ಅಂದರೆ ಚಿಕ್ಕ ಮಂತ್ರದಂಡಕ್ಕೆ ಮಾತ್ರ. ಸ್ಟ್ರೆಂತ್ ಮಾತ್ರ ಸ್ವಲ್ಪ ಧಾರಾಳಿ, ಕೈಯಲ್ಲಿ ಹಿಡಿದು ಹೊಡೆಯುವ ಯಾವ ಎರಡು ತೂತಿನ ಆಯುಧಕ್ಕಾದರೂ ಆಮ್ನ್, ಟಿರ್ ಹಾಕಿದರೆ ಆಗುತ್ತದೆ. ಕಣ್ಣಿಗೆ ಮೋಸ ಮಾಡುವ ಆಯುಧಗಳೂ ಇವೆ. ಕ್ರಿಸ್ ನೋಡಲು ಚಿಕ್ಕ ಕತ್ತಿಯ ಹಾಗೇ ಇದೆ, ಆದರೆ ಆಟದ ಲೆಕ್ಕದಲ್ಲಿ ಅದು ಚೂರಿ, 'ಡ್ಯಾಗರ್ ಕ್ಲಾಸ್'. ಕತ್ತಿಯ ರೆಸಿಪಿ ಅದಕ್ಕೆ ನಡೆಯುವುದಿಲ್ಲ. ಚಿತ್ರ ನೋಡಿ ತೀರ್ಮಾನ ಮಾಡಬೇಡಿ, ಬರೆದಿದ್ದನ್ನು ಓದಿ.

ನಿಮ್ಮ ನೋವು ನನಗೆ ಗೊತ್ತು. ನಾನು ಇದನ್ನು ಕಲಿತಿದ್ದು ಬಿ.ಎಚ್. ರಸ್ತೆ ಹತ್ತಿರದ ಒಂದು ಸೈಬರ್ ಸೆಂಟರ್‌ನಲ್ಲಿ, ಗಂಟೆ ಲೆಕ್ಕದಲ್ಲಿ ದುಡ್ಡು ಕೊಟ್ಟು ಆಡುತ್ತಿದ್ದ ಕಾಲದಲ್ಲಿ. ಟಿರ್, ಎಲ್ ಅಂತ ಹಾಕಬೇಕಾದಲ್ಲಿ ಎಲ್, ಟಿರ್ ಅಂತ ಹಾಕಿದ್ದೆ. ಸಣ್ಣ ರೂನ್‌ಗಳೇ. ಆದರೂ ಆವತ್ತು ಮನೆಗೆ ಹೋಗುವ ತನಕ ಅದೇ ತಲೆಯಲ್ಲಿ ಓಡುತ್ತಿತ್ತು.

ಈಗ ಫ್ಲೇಲ್ ವಿಷಯ. ನಾಲ್ಕು ತೂತಿನ ಫ್ಲೇಲ್ ಅಂದರೆ ಹಾರ್ಟ್ ಆಫ್ ದಿ ಓಕ್ ಅನ್ನುವ ರೂನ್‌ವರ್ಡ್ ಮಾಡಲು ಎಲ್ಲರೂ ಹುಡುಕುವ ಆಯುಧ. ಅದರ ರೂನ್‌ಗಳು ಕೋ, ವೆಕ್ಸ್, ಪುಲ್, ಥುಲ್. ಕೂರುವುದು ಗದೆಗೆ ಮತ್ತು ಸ್ಟಾಫ್‌ಗೆ, ಅಂದರೆ ಮಂತ್ರದ ಉದ್ದ ಕೋಲಿಗೆ. ಮಂತ್ರ ಬಳಸುವ ಪಾತ್ರಗಳಿಗೆ ಇದಕ್ಕಿಂತ ಒಳ್ಳೆಯ ಆಯುಧ ಕಡಿಮೆ. ವೆಕ್ಸ್ ಸಿಗುವುದು ಕಷ್ಟ, ಅದು ಮುಂದಿನ ಮಾತು. ಸದ್ಯಕ್ಕೆ ಹೀಗೆ ಮಾಡಿ. ಒಂದು ಹೆಲ್ ರೂನ್, ಒಂದು ಟೌನ್ ಪೋರ್ಟಲ್ ಸ್ಕ್ರಾಲ್, ನಿಮ್ಮ ಫ್ಲೇಲ್, ಮೂರನ್ನೂ ಹೊರಾಡ್ರಿಕ್ ಕ್ಯೂಬ್‌ನಲ್ಲಿ, ಅಂದರೆ ವಸ್ತುಗಳನ್ನು ಬೆರೆಸಿ ಬೇರೆ ಮಾಡುವ ಮಾಯಾ ಡಬ್ಬಿಯಲ್ಲಿ, ಹಾಕಿ ಬಟನ್ ಒತ್ತಿ. ಒಳಗಿನ ರೂನ್‌ಗಳು ಹೋಗುತ್ತವೆ. ತೂತು ನಾಲ್ಕೂ ಖಾಲಿಯಾಗಿ ಹಾಗೇ ಉಳಿಯುತ್ತವೆ. ಫ್ಲೇಲ್ ಅನ್ನು ಪೆಟ್ಟಿಗೆಯಲ್ಲಿ ಎತ್ತಿಡಿ.

ಹೊಸ ಸ್ಪಿರಿಟ್‌ಗೆ ರೂನ್ ಸೇರಿಸುವುದು ನೀವು ಅಂದುಕೊಂಡಷ್ಟು ದೂರ ಇಲ್ಲ. ಐದನೇ ಆಕ್ಟ್‌ನಲ್ಲಿ ಸೆರೆಯಲ್ಲಿರುವ 15 ಜನ ಬಾರ್ಬೇರಿಯನ್‌ಗಳನ್ನು ಬಿಡಿಸಿದರೆ ಟಾಲ್, ರಾಲ್, ಓರ್ಟ್ ಮೂರೂ ಕೊಡುತ್ತಾರೆ. ಆಗಲೇ ಎರಡು ಬಂತು. ಉಳಿದ ಥುಲ್, ಆಮ್ನ್‌ಗೆ ನೈಟ್‌ಮೇರ್‌ನಲ್ಲಿ, ಅಂದರೆ ಆಟದ ಎರಡನೇ ಕಷ್ಟದ ಮಟ್ಟದಲ್ಲಿ, ರೂನ್ ಬೀಳಿಸುವ ಕೌಂಟೆಸ್ ಅನ್ನುವ ಶತ್ರುವನ್ನು ಮತ್ತೆ ಮತ್ತೆ ಹೊಡೆಯಿರಿ. ಮೊದಲ ಮಟ್ಟವಾದ ನಾರ್ಮಲ್‌ನಲ್ಲಿ ಅವಳನ್ನು ಎಷ್ಟು ಹೊಡೆದರೂ ಅವಳ ರೂನ್ ಪಾಲು ರಾಲ್ ದಾಟುವುದಿಲ್ಲ; ಥುಲ್, ಆಮ್ನ್ ಅದಕ್ಕಿಂತ ಮೇಲಿನವು. ಅಲ್ಲೇ ಕೂತು ಸಮಯ ಕಳೆಯಬೇಡಿ.

ನಾನು ಚಿಂತಾಮಣಿಯಲ್ಲಿ ಬ್ಯಾಂಕ್ ಕೆಲಸದಲ್ಲಿದ್ದೇನೆ. ರಾತ್ರಿ ನಾನು, ನನ್ನ ತಮ್ಮ ಸೇರಿ ಆಡುತ್ತೇವೆ. ಸ್ಪಿರಿಟ್‌ನ ನಾಲ್ಕೂ ರೂನ್ ಇವೆ. ತೂತಿಲ್ಲದ ಒಂದು ಕ್ರಿಸ್ಟಲ್ ಸ್ವೋರ್ಡ್, ಒಂದು ಬ್ರಾಡ್ ಸ್ವೋರ್ಡ್ ಇವೆ. ಎರಡೂ ಸಿಕ್ಕಿದ್ದು ನೈಟ್‌ಮೇರ್‌ನಲ್ಲಿ, ಹಸುಗಳೇ ಶತ್ರುಗಳಾಗಿರುವ ಗುಪ್ತ ಜಾಗದಲ್ಲಿ. ಆಯುಧಕ್ಕೆ ತೂತು ಮಾಡಿಕೊಡುವ ಆಟದ ಕಮ್ಮಾರ ಲಾರ್ಜುಕ್‌ನ ಕ್ವೆಸ್ಟ್‌ನ ಬಹುಮಾನ ಒಂದು ಬಾಕಿ ಇದೆ. ಕ್ರಿಸ್ಟಲ್ ಸ್ವೋರ್ಡ್ ಅನ್ನೇ ಕೊಡು ಅಂತಾನೆ ತಮ್ಮ. ಕೊಡಲಾ?

ಕೊಡಬೇಡಿ ಮೇಡಂ. ಬ್ರಾಡ್ ಸ್ವೋರ್ಡ್ ಕೊಡಿ.

ನಿಮ್ಮ ತಮ್ಮ ಹೇಳಿದ್ದರಲ್ಲೂ ಒಂದು ಅರ್ಥ ಇದೆ. ಸ್ಪಿರಿಟ್‌ಗೆ ಕ್ರಿಸ್ಟಲ್ ಸ್ವೋರ್ಡ್ ಹೆಸರುವಾಸಿ, ಪಾತ್ರದ ಬಲ (ಸ್ಟ್ರೆಂತ್) 43 ಇದ್ದರೆ ಹಿಡಿಯಬಹುದು. ಬ್ರಾಡ್ ಸ್ವೋರ್ಡ್‌ಗೆ 48 ಬೇಕು. ಆದರೆ ಲಾರ್ಜುಕ್ ನಾವು ಕೇಳಿದಷ್ಟು ತೂತು ಮಾಡುವುದಿಲ್ಲ. ಸಾದಾ ಆಯುಧ ಕೊಟ್ಟರೆ ಅದಕ್ಕೆ ಎಷ್ಟು ಹಿಡಿಸುತ್ತದೋ ಅಷ್ಟನ್ನೂ ಮಾಡಿಬಿಡುತ್ತಾನೆ. ಎಷ್ಟು ಹಿಡಿಸುತ್ತದೆ ಅನ್ನುವುದು ಎರಡು ವಿಷಯದ ಮೇಲೆ ನಿಂತಿದೆ. ಒಂದು, ಆ ಕತ್ತಿಯ ಮಿತಿ: ಬ್ರಾಡ್ ಸ್ವೋರ್ಡ್‌ಗೆ 4, ಕ್ರಿಸ್ಟಲ್ ಸ್ವೋರ್ಡ್‌ಗೆ 6. ಇನ್ನೊಂದು, ಆಯುಧಕ್ಕೆ ಒಳಗೊಳಗೇ ಇರುವ ಲೆವೆಲ್. ಅದನ್ನು ಆಟ ತೋರಿಸುವುದಿಲ್ಲ. ಯಾವ ಶತ್ರು ಬೀಳಿಸಿತೋ ಅದರ ಲೆವೆಲ್ಲೇ ಆಯುಧದ ಲೆವೆಲ್. ಕತ್ತಿಗಳಲ್ಲಿ ಅದು 25ರ ತನಕ ಇದ್ದರೆ 3 ತೂತು, 26ರಿಂದ 40 ಇದ್ದರೆ 4, 41 ಮುಟ್ಟಿದರೆ 6.

ನೈಟ್‌ಮೇರ್‌ನ ಹಸುಗಳು 64ನೇ ಲೆವೆಲ್‌ನವು. ಹಾಗಾಗಿ ನಿಮ್ಮ ಕ್ರಿಸ್ಟಲ್ ಸ್ವೋರ್ಡ್‌ಗೆ ಲಾರ್ಜುಕ್ 6 ತೂತು ಮಾಡುತ್ತಾನೆ. ನಾಲ್ಕಕ್ಕೆ ರೂನ್ ಹಾಕಿ ಎರಡು ಖಾಲಿ ಬಿಟ್ಟರೆ ಸ್ಪಿರಿಟ್ ಆಗುವುದಿಲ್ಲ. ಅದೇ ಕತ್ತಿ ನಾರ್ಮಲ್‌ನ ಹಸುಗಳ ಹತ್ತಿರ ಸಿಕ್ಕಿದ್ದರೆ, ಅವುಗಳ ಲೆವೆಲ್ 28, ಸರಿಯಾಗಿ 4 ತೂತು ಬರುತ್ತಿತ್ತು. ಹೆಸರು ಒಂದೇ, ಹುಟ್ಟಿದ ಜಾಗ ಬೇರೆ. ಬ್ರಾಡ್ ಸ್ವೋರ್ಡ್‌ಗೆ ಈ ತಲೆನೋವಿಲ್ಲ. ಅದರ ಮಿತಿಯೇ 4, ಅದಕ್ಕಿಂತ ಜಾಸ್ತಿ ಮಾಡಲು ಲಾರ್ಜುಕ್‌ನಿಂದಲೂ ಆಗುವುದಿಲ್ಲ.

ಕ್ಯೂಬ್‌ನಲ್ಲೂ ತೂತು ಮಾಡಬಹುದು ಅಂತ ತಮ್ಮ ಹೇಳಬಹುದು. ನಿಜ. ರಾಲ್, ಆಮ್ನ್, ಪರ್ಫೆಕ್ಟ್ ಅಮೆಥಿಸ್ಟ್, ಜೊತೆಗೆ ತೂತಿಲ್ಲದ ಸಾದಾ ಆಯುಧ. ಕ್ಯೂಬ್ 1ರಿಂದ 6ರವರೆಗೆ ದಾಳ ಹಾಕಿದ ಹಾಗೆ ಒಂದು ಸಂಖ್ಯೆ ತೆಗೆಯುತ್ತದೆ. ಮಿತಿ ದಾಟಿದರೆ ಮಿತಿಗೇ ನಿಲ್ಲಿಸುತ್ತದೆ. ಹಾಗಾಗಿ ಬ್ರಾಡ್ ಸ್ವೋರ್ಡ್‌ಗೆ 4, 5, 6 ಯಾವುದು ಬಿದ್ದರೂ ನಾಲ್ಕೇ ತೂತು, ಅಂದರೆ ಎರಡರಲ್ಲಿ ಒಂದು ಸಲ ಗೆಲುವು. ನಿಮ್ಮ ಕ್ರಿಸ್ಟಲ್ ಸ್ವೋರ್ಡ್‌ಗೆ ಆರರಲ್ಲಿ ಒಂದೇ ಸಲ. ಒಮ್ಮೆ ತೂತು ಬಿದ್ದ ಕತ್ತಿಗೆ ಇದನ್ನು ಮತ್ತೆ ಮಾಡಲು ಬರುವುದಿಲ್ಲ. ಸುಪೀರಿಯರ್ ಅಂತ ಬರೆದಿರುವ ಆಯುಧವನ್ನು ಲಾರ್ಜುಕ್ ತೆಗೆದುಕೊಳ್ಳುತ್ತಾನೆ, ಈ ಕ್ಯೂಬ್ ರೆಸಿಪಿ ತೆಗೆದುಕೊಳ್ಳುವುದಿಲ್ಲ.

ಖರ್ಚು ನೋಡಿ. ಕ್ಯೂಬ್‌ನಲ್ಲೇ ಮಾಡಿಕೊಳ್ಳಲು ಹೋದರೆ ಮೂರು ರಾಲ್‌ಗೆ ಒಂದು ಓರ್ಟ್, ಮೂರು ಓರ್ಟ್‌ಗೆ ಒಂದು ಥುಲ್, ಮೂರು ಥುಲ್ ಮತ್ತು ಒಂದು ಚಿಪ್ಡ್ ಟೋಪಾಝ್‌ಗೆ ಒಂದು ಆಮ್ನ್. ಅಂದರೆ ಒಂದು ಆಮ್ನ್‌ನಲ್ಲಿ 27 ರಾಲ್ ಕೂತಿವೆ. ಅತಿ ಕೆಳಗಿನ ದರ್ಜೆಯ ಚಿಪ್ಡ್ ಕಲ್ಲುಗಳಿಂದ ಶುರು ಮಾಡಿದರೆ ಅತಿ ಮೇಲಿನ ದರ್ಜೆಯ ಒಂದು ಪರ್ಫೆಕ್ಟ್ ಅಮೆಥಿಸ್ಟ್‌ಗೆ 81 ಬೇಕು. ಸ್ಪಿರಿಟ್‌ಗೂ ಅದೇ ಆಮ್ನ್ ಬೇಕಲ್ವಾ? ತೂತು ಮಾಡಲು ಹೋಗಿ ಆಮ್ನ್ ಕಳೆದುಕೊಂಡು, ಕತ್ತಿ ಸಿದ್ಧವಾದಾಗ ರೂನ್ ಇಲ್ಲದೆ ಕೂತವರನ್ನು ನಾನು ಎಷ್ಟೋ ಜನ ನೋಡಿದ್ದೇನೆ. ಕ್ವೆಸ್ಟ್ ಬಾಕಿ ಇದೆಯಲ್ಲ, ಅದನ್ನೇ ಬಳಸಿ. ಸ್ಪಿರಿಟ್ ಹಿಡಿಯಲು ನಿಮ್ಮ ಪಾತ್ರ 25ನೇ ಲೆವೆಲ್ ತಲುಪಿರಬೇಕು, ನೈಟ್‌ಮೇರ್ ಹಸುಗಳ ತನಕ ಹೋಗಿದ್ದೀರಿ ಅಂದರೆ ಅದು ಯಾವಾಗಲೋ ಆಗಿದೆ.

ಆ ಕ್ರಿಸ್ಟಲ್ ಸ್ವೋರ್ಡ್ ಕೂಡ ಬಿಸಾಡಬೇಡಿ. ಅಮೆಥಿಸ್ಟ್ ಜಾಸ್ತಿ ಆದ ದಿನ ಕ್ಯೂಬ್‌ನಲ್ಲಿ ಒಂದು ಕೈ ನೋಡಬಹುದು. 5 ತೂತು ಬಿದ್ದರೆ ಕಾಲ್ ಟು ಆರ್ಮ್ಸ್ ಅನ್ನುವ ರೂನ್‌ವರ್ಡ್‌ಗೆ ಬರುತ್ತದೆ. ಅದು ಐದು ತೂತಿನ ಯಾವ ಆಯುಧಕ್ಕಾದರೂ ಕೂರುತ್ತದೆ, ಕತ್ತಿಯೇ ಆಗಬೇಕಿಲ್ಲ.

ಕೋಲಾರದಿಂದ ಬರೆಯುತ್ತಿದ್ದೇನೆ. ನನ್ನದು ಬಾರ್ಬೇರಿಯನ್ ಪಾತ್ರ. ನೀಲಿ ಹೆಸರಿನ ಕೊಡಲಿ, ಜ್ಯುವೆಲ್, ಟಿರ್ ರೂನ್, ಪರ್ಫೆಕ್ಟ್ ಸಫೈರ್ ಕ್ಯೂಬ್‌ಗೆ ಹಾಕಿದೆ. ಏನೂ ಆಗಲಿಲ್ಲ. ರೆಸಿಪಿ ತಪ್ಪಾ?

ರೆಸಿಪಿ ಸರಿ, ಕೊಡಲಿ ತಪ್ಪು. ಸದ್ಯ, ಕ್ಯೂಬ್ ಇಂಥದ್ದನ್ನು ಒಪ್ಪದಿದ್ದರೆ ವಸ್ತು ಹಾಗೇ ಉಳಿಯುತ್ತವೆ. ನಿಮ್ಮದೇನೂ ಹೋಗಿಲ್ಲ.

ಇದು ರೂನ್‌ವರ್ಡ್‌ಗಿಂತ ಬೇರೆ ದಾರಿ. ಇಲ್ಲಿ ಬೇಕಾಗಿದ್ದು ನೀಲಿ ಹೆಸರಿನ ಮ್ಯಾಜಿಕ್ ಆಯುಧ, ಒಂದು ಜ್ಯುವೆಲ್, ಒಂದು ರೂನ್, ಒಂದು ಪರ್ಫೆಕ್ಟ್ ಕಲ್ಲು. ಕಲ್ಲಿಗೂ ಆಯುಧಕ್ಕೂ ಜೋಡಿ ಇದೆ. ಕೊಡಲಿಗೆ ಕೆಂಪು: ಪರ್ಫೆಕ್ಟ್ ರೂಬಿ, ಓರ್ಟ್ ರೂನ್. ಅದನ್ನು ಬ್ಲಡ್ ಅನ್ನುತ್ತಾರೆ, ಹೊಡೆದಾಗ ಶತ್ರುವಿನ ಜೀವ ಸ್ವಲ್ಪ ನಿಮಗೆ ಬರುತ್ತದೆ. ನೀವು ಹಾಕಿದ ಸಫೈರ್ ಮತ್ತು ಟಿರ್ ಇರುವುದು ಗದೆ, ಸುತ್ತಿಗೆಯಂಥ ಮೊಂಡು ಆಯುಧಕ್ಕೆ. ಅದು ಹಿಟ್ ಪವರ್. ಸ್ಟಾಫ್, ವಾಂಡ್‌ಗಳಿಗೆ ಅಮೆಥಿಸ್ಟ್ ಮತ್ತು ಟಿರ್, ಅದು ಕ್ಯಾಸ್ಟರ್. ಈಟಿಗೆ, ಜಾವೆಲಿನ್‌ಗೆ ಎಮರಾಲ್ಡ್ ಮತ್ತು ಸೋಲ್, ಅದು ಸೇಫ್ಟಿ. ಕ್ಯಾಸ್ಟರ್‌ಗೂ ಹಿಟ್ ಪವರ್‌ಗೂ ರೂನ್ ಒಂದೇ ಆಗಿರುವುದರಿಂದ ಗೊಂದಲ ಜಾಸ್ತಿ. ಕಲ್ಲಿನ ಬಣ್ಣವನ್ನು ನೆನಪಿಟ್ಟುಕೊಳ್ಳಿ, ಅದು ತಪ್ಪುವುದಿಲ್ಲ.

ಮಾಡುವುದಾದರೆ ಅವಸರ ಬೇಡ. ಕ್ಯೂಬ್‌ನಿಂದ ಬರುವ ಹೊಸ ಕೊಡಲಿಯ ಲೆವೆಲ್ ಅಂದರೆ ನಿಮ್ಮ ಪಾತ್ರದ ಲೆವೆಲ್‌ನ ಅರ್ಧ, ಹಳೆಯ ಕೊಡಲಿಯ ಲೆವೆಲ್‌ನ ಅರ್ಧ, ಎರಡೂ ಕೂಡಿ. ಅದು 71 ಮುಟ್ಟಿದರೆ ನಾಲ್ಕು ಹೆಚ್ಚಿನ ಗುಣ ಖಂಡಿತ ಸಿಗುತ್ತವೆ. ನೀವು 80ರಲ್ಲಿದ್ದು ಕೊಡಲಿ 64ರದ್ದಾದರೆ 40 ಮತ್ತು 32, ಒಟ್ಟು 72. ಅಲ್ಲಿಗೆ ಸರಿ.

ಆದರೂ ನನ್ನ ಮನಸ್ಸಿನ ಮಾತು ಹೇಳುತ್ತೇನೆ. ಪರ್ಫೆಕ್ಟ್ ರೂಬಿ ಇದ್ದರೆ ಅದನ್ನು ಬ್ಲಡ್ ಗ್ಲೌಸ್‌ಗೆ ಇಡಿ, ಅಲ್ಲಿ ಫಲ ಜಾಸ್ತಿ. ಕೊಡಲಿಯೇ ಇಷ್ಟ, ಪಾತ್ರ ಇನ್ನೂ ಚಿಕ್ಕದು ಅಂದರೆ ಎರಡು ತೂತಿನ ಸಾದಾ ಕೊಡಲಿಗೆ ಟಿರ್, ಎಲ್ ಹಾಕಿ ಸ್ಟೀಲ್ ಮಾಡಿಕೊಳ್ಳಿ. 13ನೇ ಲೆವೆಲ್‌ಗೇ ಹಿಡಿಯಬಹುದು. ಹೊಡೆತದ ವೇಗ 25 ಪರ್ಸೆಂಟ್ ಏರುತ್ತದೆ. ನಾರ್ಮಲ್ ಪೂರ್ತಿ ಅದೇ ಕೈಹಿಡಿಯುತ್ತದೆ.

ಶಿರಾದಿಂದ. ನನ್ನ ಮಾಂತ್ರಿಕ ಪಾತ್ರ ಸೋರ್ಸೆರೆಸ್‌ಗೆ ಲೀಫ್ ರೂನ್‌ವರ್ಡ್ ಮಾಡಬೇಕು. ಎರಡು ತೂತಿನ ಆರ್ಬ್ (ಮಂತ್ರದ ಗೋಳ) ಇದೆ. ಆಗುತ್ತಾ?

ಆಗುವುದಿಲ್ಲ. ಲೀಫ್ ಸ್ಟಾಫ್‌ಗೆ ಮಾತ್ರ, ಎರಡೇ ತೂತಿರಬೇಕು, ಮೊದಲು ಟಿರ್ ಆಮೇಲೆ ರಾಲ್. 19ನೇ ಲೆವೆಲ್‌ಗೆ ಬೆಂಕಿಯ ವಿದ್ಯೆಗಳಿಗೆಲ್ಲ 3 ಸೇರುತ್ತದೆ. ಯಾವುದೋ ಒಂದು ಸ್ಟಾಫ್ ಸಿಕ್ಕ ಕೂಡಲೇ ಹಾಕಿಬಿಡಬೇಡಿ. ಸಾದಾ ಸ್ಟಾಫ್‌ಗಳ ಮೇಲೂ ಕೆಲವು ಸಲ ಮೊದಲೇ ಫೈರ್ ಬಾಲ್‌ಗೆ 2, 3 ಅಂತ ಬರೆದಿರುತ್ತದೆ. ಅದು ಲೀಫ್‌ನ 3ರ ಜೊತೆ ಕೂಡಿಕೊಳ್ಳುತ್ತದೆ. ಎರಡು ತೂತು ಇದ್ದು, ಫೈರ್ ಬಾಲ್‌ಗೆ 3 ಇರುವ ಸ್ಟಾಫ್ ಕಂಡರೆ ಬೇರೆ ಸಾಮಾನು ಕೆಳಗಿಟ್ಟಾದರೂ ಅದನ್ನು ಎತ್ತಿಕೊಳ್ಳಿ.