ಅಪರೂಪದ ಪ್ರಾಣಿಗಳನ್ನು ಉಳಿಸಲು ರಾಜ್ಯ ಸರ್ಕಾರದ ಕೈಯಲ್ಲಿ ಏನಿದೆ?

ಅಳಿವಿನಂಚಿನ ಪ್ರಾಣಿಗಳ ವಿಷಯವೆಲ್ಲ ದೆಹಲಿಯಲ್ಲೇ ತೀರ್ಮಾನ ಆಗುತ್ತದಾ, ರಾಜ್ಯ ಏನಾದರೂ ಮಾಡಬಹುದಾ ಎಂದು ಕೇಳಿದ್ದೀರಿ. ಮಾಡಬಹುದು. ನಾವು ಅಂದುಕೊಂಡಿದ್ದಕ್ಕಿಂತ ಜಾಸ್ತಿನೇ ಮಾಡಬಹುದು.

ನಾನು ಕಡೂರು ತಾಲ್ಲೂಕಿನವನು. ಚಿಕ್ಕಮಗಳೂರು ಎಂದರೆ ಎಲ್ಲರಿಗೂ ಭದ್ರಾ ಕಾಡಿನ ಹುಲಿ ನೆನಪಾಗುತ್ತದೆ. ನಾನು ನಮ್ಮ ಬಯಲುಸೀಮೆಯ ಕಡೆಯದ್ದು ಹೇಳುತ್ತೇನೆ. ಇಲ್ಲಿ ಬಾಸೂರು ಅಮೃತಮಹಲ್ ಕಾವಲು ಇದೆ. ಅಮೃತಮಹಲ್ ದನಗಳ ಮೇವಿಗೆಂದು ಮೈಸೂರು ಅರಸರ ಕಾಲದಿಂದ ಬಿಟ್ಟ ಹುಲ್ಲುಗಾವಲುಗಳಲ್ಲಿ ಅದೂ ಒಂದು. ಕೃಷ್ಣಮೃಗ, ತೋಳ ಎರಡೂ ಅಲ್ಲಿವೆ. 2011ರಲ್ಲಿ ರಾಜ್ಯ ಸರ್ಕಾರ ಅಲ್ಲಿನ ಸುಮಾರು 736 ಹೆಕ್ಟೇರನ್ನು ಸಂರಕ್ಷಣಾ ಮೀಸಲು ಪ್ರದೇಶ ಎಂದು ಘೋಷಿಸಿತು. 1972ರ ವನ್ಯಜೀವಿ ಕಾಯ್ದೆಗೆ 2002ರಲ್ಲಿ ತಿದ್ದುಪಡಿ ಆಗಿ ಬಂದ ಸೆಕ್ಷನ್ 36ಎ ಈ ಅಧಿಕಾರ ಕೊಟ್ಟಿದೆ. ಜಾಗ ಸರ್ಕಾರದ್ದಾಗಿರಬೇಕು, ಸುತ್ತಲಿನ ಊರಿನವರನ್ನು ಕೇಳಬೇಕು. ಅದರ ಸಲಹಾ ಸಮಿತಿಯಲ್ಲಿ ಗ್ರಾಮ ಪಂಚಾಯಿತಿಯವರಿಗೂ ಜಾಗ ಇದೆ. ಅಭಯಾರಣ್ಯ ಘೋಷಿಸುವುದೂ ರಾಜ್ಯವೇ. ಮುಖ್ಯಮಂತ್ರಿಗಳೇ ರಾಜ್ಯ ವನ್ಯಜೀವಿ ಮಂಡಳಿಯ ಅಧ್ಯಕ್ಷರು.

ಆದರೆ ಘೋಷಣೆಯಿಂದಲೇ ಪ್ರಾಣಿ ಉಳಿಯುವುದಿಲ್ಲ. ನನಗೆ ಜಾಸ್ತಿ ಬೇಸರ ತರಿಸುವುದು ಹುಲ್ಲುಗಾವಲನ್ನು 'ಪಾಳು ಜಾಗ' ಎನ್ನುವುದು. ಪಾಳು ಎಂದ ಕೂಡಲೇ ಅಲ್ಲಿ ಗಿಡ ನೆಡುವ ಯೋಜನೆ ಬರುತ್ತದೆ. ಶಾಲೆಯಲ್ಲಿದ್ದಾಗ ಊರಿನ ಗೋಮಾಳದಲ್ಲಿ ನಾವೂ ಖುಷಿಯಿಂದ ನೀಲಗಿರಿ ನೆಟ್ಟಿದ್ದೆವು. ಅದು ತಪ್ಪು ಅಂತ ಆಗ ಗೊತ್ತಿರಲಿಲ್ಲ. ಕೃಷ್ಣಮೃಗ ಬದುಕುವುದು ಕಣ್ಣು ಮತ್ತು ಕಾಲಿನ ಬಲದಿಂದ. ದೂರದಿಂದಲೇ ಶತ್ರುವನ್ನು ನೋಡಬೇಕು, ಅಡ್ಡಿಯಿಲ್ಲದೆ ಓಡಬೇಕು. ಒತ್ತಾಗಿ ಮರ ಬೆಳೆದರೆ ಎರಡೂ ಹೋಯಿತು, ಅಲ್ವಾ? ಚಳಿಗಾಲದಲ್ಲಿ ಮಧ್ಯ ಏಷ್ಯಾ ಕಡೆಯಿಂದ ನಮ್ಮ ಬಯಲುಗಳಿಗೆ ಬರುವ 'ಸೆಳೆವ' (ಹ್ಯಾರಿಯರ್) ಎಂಬ ಬೇಟೆ ಹಕ್ಕಿಗಳು ರಾತ್ರಿ ಕಳೆಯುವುದೂ ಹುಲ್ಲಿನ ನಡುವೆ, ನೆಲದ ಮೇಲೆ.

ಇನ್ನೊಂದು ವಿಷಯ, ಕಾಡುಪ್ರಾಣಿ ಕುರಿ, ದನ ಕೊಂದಾಗ ಸರ್ಕಾರ ಕೊಡುವ ಪರಿಹಾರದ ಹಣ. ಇದು ಪೂರ್ತಿ ರಾಜ್ಯ ಮಟ್ಟದಲ್ಲೇ ಸರಿಮಾಡಬಹುದಾದ ಕೆಲಸ. ನಮ್ಮ ದೊಡ್ಡಪ್ಪನ ಮಂದೆಯಿಂದ ಒಂದು ವರ್ಷ ತೋಳ ಎರಡು ಕುರಿಮರಿ ಹೊತ್ತೊಯ್ದಿತು. ಪರಿಹಾರಕ್ಕೆಂದು ಓಡಾಡಿ, ಸಾಕಾಗಿ ಬಿಟ್ಟುಬಿಟ್ಟರು. ಅಷ್ಟಾದರೂ, ತೋಳದ ಬಿಲಕ್ಕೆ ಹೊಗೆ ಹಾಕೋಣ ಎಂದು ಬಂದವರಿಗೆ ಅವರು ಹೇಳಿದ್ದು, "ಬ್ಯಾಡ ಕಣ್ರಪ್ಪಾ, ಅದ್ಕೂ ಮರಿ ಅವೆ." ಎಲ್ಲ ಕುರಿಗಾಹಿಗಳಿಂದಲೂ ಇಷ್ಟು ದೊಡ್ಡ ಮನಸ್ಸು ಬಯಸುವುದು ನ್ಯಾಯವಲ್ಲ. ಹಣ ಆ ತಿಂಗಳೇ ಕೈಗೆ ಸಿಕ್ಕರೆ ತೋಳದ ಮೇಲಿನ ಸಿಟ್ಟು ಅರ್ಧ ಇಳಿಯುತ್ತದೆ.

ನಿಮ್ಮೂರಲ್ಲೂ ಕಾವಲೋ ಗೋಮಾಳವೋ ಇದ್ದರೆ, ಅಲ್ಲಿ ಗಿಡ ನೆಡುವ ಅಥವಾ ಕಟ್ಟಡ ಕಟ್ಟುವ ಪ್ರಸ್ತಾಪ ಗ್ರಾಮಸಭೆಗೆ ಬಂದ ದಿನ ಸುಮ್ನೆ ಕೂರಬೇಡಿ. ಅಲ್ಲಿ ಯಾವ ಪ್ರಾಣಿ, ಹಕ್ಕಿ ಕಂಡಿದ್ದೀರಿ ಎಂದು ದಿನಾಂಕ ಸಮೇತ ಬರೆದು ಕೊಡಿ, ನಡಾವಳಿಯಲ್ಲಿ ಸೇರಿಸಲು ಹೇಳಿ. ಜೊತೆಗೊಂದು ಪ್ರತಿ ವಲಯ ಅರಣ್ಯಾಧಿಕಾರಿಗೂ ಕೊಟ್ಟು ಸ್ವೀಕೃತಿ ತೆಗೆದುಕೊಳ್ಳಿ.