‘ಮಗಾ’ ಲೇಖನ ವಾಪಸ್ ಕಳಿಸುತ್ತಿದ್ದೇನೆ, ಕಾರಣ ಓದಿ

ನಮಸ್ಕಾರ.

ನಿಮ್ಮ ‘ಮಗಾ: ಒಂದು ಪದ, ನೂರು ಅರ್ಥ’ ಲೇಖನ ಓದಿದೆ. ಈಗಿರುವ ಹಾಗೆ ಹಾಕುವುದಕ್ಕೆ ಆಗುವುದಿಲ್ಲ. ಸಾಮಾನ್ಯವಾಗಿ ಇಂಥ ಹೊತ್ತಲ್ಲಿ ‘ಸ್ಥಳಾವಕಾಶವಿಲ್ಲ’ ಎಂದು ಒಂದು ಸಾಲು ಬರೆದು ಕೈ ತೊಳೆದುಕೊಳ್ಳುತ್ತೇವೆ. ನಿಮಗೆ ಹಾಗೆ ಬರೆಯಲು ಮನಸ್ಸು ಬರಲಿಲ್ಲ. ಮೂರನೇ ಪುಟದಲ್ಲಿ ನಾಲ್ಕು ಸಾಲು ತುಂಬಾ ಚೆನ್ನಾಗಿವೆ. ಈ ಪತ್ರ ಆ ನಾಲ್ಕು ಸಾಲಿಗೋಸ್ಕರ. ಕೆಲವು ಮಾತು ಖಾರ ಅನ್ನಿಸಿದರೆ ಬೇಜಾರು ಮಾಡಿಕೊಳ್ಳಬೇಡಿ.

ಆ ಸಾಲುಗಳು ಯಾವುವು ಅಂತ ಆಮೇಲೆ ಹೇಳುತ್ತೇನೆ. ಮೊದಲು ಕತ್ತರಿ.

ನೀವು ‘ಕಾವೇರಿಯಿಂದ ಗೋದಾವರಿವರೆಗೆ’ ಎಂದು ಶುರು ಮಾಡಿದ್ದೀರಿ. ಕನ್ನಡದ ಬಗ್ಗೆ ಬರುವ ಲೇಖನಗಳಲ್ಲಿ ಅರ್ಧದಷ್ಟು ಹೀಗೇ ಶುರುವಾಗುತ್ತವೆ. ಓದುಗರು ಆ ಸಾಲನ್ನು ಈಗ ಓದುವುದೂ ಇಲ್ಲ, ದಾಟಿಕೊಂಡು ಹೋಗುತ್ತಾರೆ. ಆ ಸಾಲು ಬಂದ ಕವಿರಾಜಮಾರ್ಗವೇ ಬೇಕು ಅಂದರೆ ನಿಮ್ಮ ವಿಷಯಕ್ಕೆ ಸರಿಯಾಗಿ ಹೊಂದುವ ಇನ್ನೊಂದು ಮಾತು ಅದರಲ್ಲೇ ಇದೆ. ಕನ್ನಡದ ದೇಸಿಗಳು ಬೇರೆ ಬೇರೆ, ಅವುಗಳಲ್ಲಿ ದೋಷ ಇಷ್ಟೇ ಎಂದು ತೀರ್ಮಾನ ಮಾಡಲು ಹೊರಟರೆ ವಾಸುಕಿಗೂ ಬೇಸರ ಬಂದುಬಿಡುತ್ತದೆ ಅಂತ. ಒಂಬತ್ತನೇ ಶತಮಾನದಲ್ಲೇ ಸುಸ್ತಾಗಿದ್ದರು ನೋಡಿ! ಅದನ್ನು ಬಳಸಿ, ಇಲ್ಲವೇ ಎರಡನ್ನೂ ಬಿಡಿ.

ಎರಡನೇ ಪ್ಯಾರಾ ಪೂರ್ತಿ ನಿಘಂಟು. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟೆಲ್ ನಿಘಂಟು, ಆಮೇಲೆ ಕನ್ನಡ ಸಾಹಿತ್ಯ ಪರಿಷತ್ತಿನ ನಿಘಂಟು, ಕೊನೆಗೆ ‘ಮಗ ಎಂದರೆ ಪುತ್ರ’. ಇಷ್ಟು ದೂರ ಸುತ್ತಿಸಿ ಹೇಳಿದ್ದು ಎಲ್ಲರಿಗೂ ಗೊತ್ತಿರುವ ಮಾತು. ನಿಘಂಟು ತೆರೆದಿದ್ದೀರಿ, ಒಳ್ಳೆಯದು. ಆದರೆ ಅಲ್ಲಿಂದ ತರಬೇಕಾದ್ದು ಬೇರೆ ಇತ್ತು. ಈ ಪದದ ನೆಂಟರು ಸುತ್ತಮುತ್ತ ಎಲ್ಲ ಭಾಷೆಯಲ್ಲೂ ಇದ್ದಾರೆ. ತಮಿಳಿನಲ್ಲಿ ‘ಮಗನ್’, ತುಳುವಿನಲ್ಲಿ ‘ಮಗೆ’. ತೆಲುಗಿನಲ್ಲಿ ‘ಮಗ’ ಅಂದರೆ ಗಂಡು. ಮಲಯಾಳದವರು ‘ಮೋನೇ’ ಎಂದು ಸ್ವಂತ ಮಗನನ್ನೂ ಕರೆಯುತ್ತಾರೆ, ಏನೂ ಸಂಬಂಧವಿಲ್ಲದ ಹುಡುಗನನ್ನೂ ಕರೆಯುತ್ತಾರೆ. ಬರೋ ಮತ್ತು ಎಮೆನೊ ದ್ರಾವಿಡ ಭಾಷೆಗಳ ಪದಗಳನ್ನು ಒಟ್ಟುಮಾಡಿ 1961ರಲ್ಲಿ ನಿಘಂಟು ತಂದರಲ್ಲ, ಅದರಲ್ಲಿ ಇವೆಲ್ಲ ಒಂದೇ ಕಡೆ ಸಿಗುತ್ತವೆ. ಹೆತ್ತವರ ಬಾಯಿಂದ ಹೊರಟ ಕರೆ ಗೆಳೆಯರ ಬಾಯಿಗೆ ಬರುವುದು ಬೆಂಗಳೂರಿನ ಕಾಲೇಜು ಹುಡುಗರು ಕಂಡುಹಿಡಿದ ಸಂಗತಿ ಅಲ್ಲ ಎಂದು ಆಗ ನಿಮಗೇ ಗೊತ್ತಾಗುತ್ತಿತ್ತು. ‘ಈ ಬಳಕೆ ಹುಟ್ಟಿದ್ದೇ ಸಿನಿಮಾದಿಂದ’ ಎಂದು ಬರೆಯುವ ಮೊದಲು ಕೈ ತಡೆಯುತ್ತಿತ್ತು. ಯಾವ ಸಿನಿಮಾ, ಯಾವ ವರ್ಷ? ಹೇಳಲು ಆಗದಿದ್ದರೆ ಆ ಸಾಲು ಹೋಗಬೇಕು.

ಅಮೆರಿಕದ ಕೆಂಪು ಟೋಪಿ ಜೋಕೂ ಹೋಗಬೇಕು. ಟ್ರಂಪ್ ಬೆಂಬಲಿಗರ ‘ಮೇಕ್ ಅಮೆರಿಕ ಗ್ರೇಟ್ ಅಗೇನ್’ ಚುಟುಕಾಗಿ ‘ಮಗಾ’ ಆಗಿದ್ದು ನೋಡಿ ನಮ್ಮವರು 2016ರಿಂದಲೂ ನಗುತ್ತಿದ್ದಾರೆ. ಅದಕ್ಕೆ ಒಂದಿಡೀ ಪ್ಯಾರಾ ಜಾಸ್ತಿಯಾಯಿತು.

ಈಗ ನಿಮ್ಮ ಕೋಷ್ಟಕಕ್ಕೆ ಬರೋಣ. ಎಡಗಡೆ ಜಿಲ್ಲೆ, ಬಲಗಡೆ ಅರ್ಥ. ‘ಬೆಂಗಳೂರು: ಗೆಳೆಯ. ಮಂಡ್ಯ: ಮಗು. ಧಾರವಾಡ: ಬೈಗುಳ. ಮಂಗಳೂರು: ಬಳಕೆಯಲ್ಲಿಲ್ಲ.’ ನೋಡಲು ಅಚ್ಚುಕಟ್ಟು. ಓದಿದರೆ ಒಂದೊಂದು ಸಾಲಿಗೂ ತಕರಾರು ಇದೆ. ಯಾರು, ಯಾರಿಗೆ, ಯಾವ ಹೊತ್ತಲ್ಲಿ ಅಂದರು ಅನ್ನೋದೇ ಇದರಲ್ಲಿ ಇಲ್ಲ. ಆಡುಮಾತಿನ ಪದಕ್ಕೆ ಅರ್ಥ ಬರುವುದೇ ಅಲ್ಲಿಂದ ಅಲ್ವಾ?

ಬೆಂಗಳೂರಿನ ಸಾಲನ್ನೇ ತೆಗೆದುಕೊಳ್ಳಿ. ‘ಬಾ ಮಗಾ’ ಅಂದರೆ ಸ್ನೇಹ, ಸರಿ. ಅದೇ ಬೀದಿಯಲ್ಲಿ ಅದೇ ಹುಡುಗ ‘ಬಾ ಮಗನೇ, ನೋಡ್ಕೋತೀನಿ’ ಅಂದರೆ? ಜಗಳ ಶುರು. ಊರು ಬದಲಾಗಿಲ್ಲ, ಬಾಯಿ ಬದಲಾಗಿಲ್ಲ, ಬದಲಾಗಿದ್ದು ಬಾಲ ಮಾತ್ರ. ವ್ಯಾಕರಣದ ಪುಸ್ತಕದಲ್ಲಿ ಎರಡೂ ಸಂಬೋಧನೆಯೇ. ಬೀದಿಯಲ್ಲಿ ಒಂದು ಹೆಗಲ ಮೇಲೆ ಕೈ, ಇನ್ನೊಂದು ಕಾಲರ್ ಮೇಲೆ ಕೈ.

ಇನ್ನೂ ಸೂಕ್ಷ್ಮ ಇದೆ. ದಿನಾ ‘ಮಗಾ’ ಅನ್ನುವ ಗೆಳೆಯ ಒಂದು ದಿನ ‘ನೋಡು ಗುರು’ ಎಂದು ಮಾತು ಶುರು ಮಾಡಿದರೆ ಏನೋ ಹದಗೆಟ್ಟಿದೆ ಎಂದೇ ಲೆಕ್ಕ. ‘ಗುರು’ ಬೈಗುಳವೇನೂ ಅಲ್ಲ. ಆಟೋದವರಿಗೂ ಅಂತೀವಿ, ಟೀ ಅಂಗಡಿಯಲ್ಲೂ ಅಂತೀವಿ. ‘ಮಗಾ’ ಇದ್ದ ಜಾಗಕ್ಕೆ ಅದು ಬಂದಾಗ ಮಾತ್ರ ಚುಚ್ಚುತ್ತದೆ. ಇಂಥದ್ದನ್ನು ನೀವು ಕೇಳಿಯೇ ಇರುತ್ತೀರಿ. ಬರೆದಿಲ್ಲ ಅಷ್ಟೇ.

‘ಹುಡುಗಿಯರು ಈ ಪದ ಬಳಸುವುದಿಲ್ಲ’ ಅಂದಿದ್ದೀರಿ. ಕಾಲೇಜು ಬಿಡುವ ಹೊತ್ತಿಗೆ ಮೈಸೂರಿನಲ್ಲಿ ಒಂದು ಸಿಟಿ ಬಸ್ ಹತ್ತಿ ನೋಡಿ. ‘ಮಗಾ ನೋಟ್ಸ್ ಕೊಡೇ’ ಅಂತ ಒಬ್ಬಳು, ‘ಇಲ್ಲ ಮಗಾ, ನಂದೇ ಮುಗಿದಿಲ್ಲ’ ಅಂತ ಇನ್ನೊಬ್ಬಳು. ‘ಕೊಡೇ’ಯಲ್ಲಿ ಹೆಣ್ಣು ಇದೆ, ‘ಮಗಾ’ದಲ್ಲಿ ಗಂಡೂ ಇಲ್ಲ ಹೆಣ್ಣೂ ಇಲ್ಲ. ಅವಳಿಗೆ ‘ಮಗಳೇ’ ಅಂದು ನೋಡಿ, ಅಜ್ಜಿ ಮಾತಾಡಿದಂತೆ ಕೇಳುತ್ತದೆ. ಹಾಗಂತ ಇದು ಹೊಸ ಕಾಲದ ಸಮಾನತೆ ಎಂದು ಪ್ರಬಂಧ ಬರೆಯಲು ಹೋಗಬೇಡಿ. ಮಂಡ್ಯ, ಮೈಸೂರು ಕಡೆಯ ಹಳ್ಳಿಗಳಲ್ಲಿ ಅಜ್ಜಿಯಂದಿರು ಮೊಮ್ಮಗಳಿಗೂ ‘ಬಾ ಮಗಾ, ಉಣ್ಣುವಂತೆ’ ಎಂದು ಮೊದಲಿನಿಂದಲೂ ಕರೆಯುತ್ತಾರೆ. ಅಲ್ಲಿ ಅದು ‘ಮಗು’ವಿನ ಜಾಗದಲ್ಲಿ ಕೂತ ಪದ. ನೀವು ಮಂಡ್ಯದವರೇ, ನಿಮ್ಮ ಮನೆಯಲ್ಲೇ ಕೇಳಿಸಿಕೊಂಡಿರುತ್ತೀರಿ. ಲೇಖನದಲ್ಲಿ ಮಾತ್ರ ಒಂದು ಅಜ್ಜಿಯೂ ಇಲ್ಲ.

ಧಾರವಾಡದ ಸಾಲು ನನಗೆ ನಿಜವಾಗಿ ಸಿಟ್ಟು ತರಿಸಿತು. ‘ಉತ್ತರ ಕರ್ನಾಟಕದಲ್ಲಿ ಇದು ಬೈಗುಳ’ ಎಂದು ಒಂದೇ ಏಟಿಗೆ ಷರಾ ಬರೆದುಬಿಟ್ಟಿದ್ದೀರಿ. ‘ಲೇ ಮಗನ, ಎಲ್ಲಿ ಹೋಗಿದ್ದಿಲೇ? ನಿನ್ನ ಸಲುವಾಗಿ ಊಟಾ ಬಿಟ್ಟು ಕುಂತೇನಿ’ ಅನ್ನುವುದರಲ್ಲಿ ಬೈಗುಳ ಎಲ್ಲಿದೆ? ಗುರುತಿಲ್ಲದವನಿಗೆ ‘ಲೇ ಮಗನ’ ಅಂದರೆ ಹೊಡೆದಾಟ ಆಗಬಹುದು, ನಿಜ. ಬೆಂಗಳೂರಿನಲ್ಲಿ ಗುರುತಿಲ್ಲದವರಿಗೆ ‘ಲೋ ಮಗಾ’ ಅಂದು ನೋಡಿ, ಅಲ್ಲೂ ಆಗುತ್ತದೆ. ದಕ್ಷಿಣದವರು ಉತ್ತರದ ಮಾತು ಕೇಳಿ ‘ಒರಟು’ ಎಂದು ಬರೆಯುವುದು ನಮ್ಮಲ್ಲಿ ಹಳೇ ಚಾಳಿ. ನಮ್ಮ ಪುಟದಲ್ಲಿ ಅದು ಬೇಡ.

ಕರಾವಳಿಯನ್ನು ‘ಬಳಕೆಯಲ್ಲಿಲ್ಲ’ ಎಂದು ಮುಗಿಸಿದ್ದೀರಿ. ಮಂಗಳೂರಿನ ಹುಡುಗ ‘ಮಗಾ’ ಅನ್ನದಿದ್ದರೆ ಆ ಜಾಗದಲ್ಲಿ ಏನನ್ನುತ್ತಾನೆ? ‘ಮಾರಾಯ’. ಇಲ್ಲಿ ನಿಮ್ಮ ಲೇಖನಕ್ಕೆ ಒಂದು ಒಳ್ಳೆ ಪರೀಕ್ಷೆ ಸಿಗುತ್ತದೆ, ನೀವೇ ಮಾಡಿ ನೋಡಿ. ‘ಬಾ ಮಾರಾಯ’ ಅನ್ನಬಹುದು. ‘ಬಾ ಮಾರಾಯ್ತಿ’ ಅನ್ನಬಹುದು. ‘ಬನ್ನಿ ಮಾರಾಯ್ರೆ’ ಎಂದು ದೊಡ್ಡವರನ್ನೂ ಕರೆಯಬಹುದು. ಈಗ ‘ಬನ್ನಿ ಮಗಾ’ ಅಂದು ನೋಡಿ. ನಾಲಿಗೆ ಒಪ್ಪುವುದಿಲ್ಲ. ‘ಮಾರಾಯ’ನಿಗೆ ಹೆಣ್ಣುರೂಪ ಇದೆ, ಮರ್ಯಾದೆಯ ರೂಪ ಇದೆ. ‘ಮಗಾ’ಗೆ ಎರಡೂ ಇಲ್ಲ, ಅದು ಏಕವಚನದಲ್ಲೇ ಬದುಕುತ್ತದೆ. ಹಾಗಾಗಿ ಕರಾವಳಿಯವನು ಅಂಗಡಿಯವನ ಹತ್ತಿರವೂ ‘ಎಂತ ಮಾರಾಯ್ರೆ ಇಷ್ಟು ರೇಟು’ ಎಂದು ಸಲೀಸಾಗಿ ರಾಗ ಎಳೆಯಬಲ್ಲ. ಬೆಂಗಳೂರಿನವನಿಗೆ ಅಲ್ಲಿ ‘ಮಗಾ’ ಉಪಯೋಗಕ್ಕೆ ಬರಲ್ಲ. ‘ಅಣ್ಣಾ’, ‘ಬಾಸ್’, ‘ಗುರು’ ಹುಡುಕಬೇಕು. ನಿಮ್ಮ ಇಡೀ ಕೋಷ್ಟಕಕ್ಕಿಂತ ಈ ಒಂದು ‘ಬನ್ನಿ’ ಜಾಸ್ತಿ ಹೇಳುತ್ತದೆ.

ನೀವು ಪೂರ್ತಿ ಬಿಟ್ಟಿರುವುದು ‘ನನ್ಮಗ’. ಹಳೇ ಮೈಸೂರಿನವರಾಗಿ ಇದನ್ನು ಹೇಗೆ ಬಿಟ್ಟಿರಿ ಅನ್ನೋದೇ ನನಗೆ ಆಶ್ಚರ್ಯ. ‘ನನ್ನ ಮಕ್ಕಳು ಊರಿಗೆ ಹೋದರು’ ಅಂದರೆ ಅಪ್ಪನೋ ಅಮ್ಮನೋ ಮಾತಾಡುತ್ತಿದ್ದಾರೆ. ‘ನನ್ಮಕ್ಳು ಊರಿಗೆ ಹೋದ್ರು’ ಅಂದರೆ ಸಾಲ ಕೊಟ್ಟವನು ಮಾತಾಡುತ್ತಿದ್ದಾನೆ. ಅವವೇ ಪದಗಳು, ಅದೇ ಕ್ರಮ. ಎರಡು ಸ್ವರ ನುಂಗಿದ್ದಕ್ಕೆ ಮಕ್ಕಳು ಕಳ್ಳರಾದರು. ಇಷ್ಟಕ್ಕೇ ನಿಲ್ಲಲ್ಲ. ‘ಕಿಲಾಡಿ ನನ್ಮಗ’ ಅನ್ನುವಾಗ ಮೆಚ್ಚುಗೆ ಇದೆ. ‘ಈ ನನ್ಮಗಂದು ಬೈಕು ಸ್ಟಾರ್ಟೇ ಆಗ್ತಿಲ್ಲ’ ಅನ್ನುವಾಗ ಬೈಸಿಕೊಳ್ಳುವವರು ಯಾರು? ಬೈಕಿನ ಮಾಲೀಕ ಬೈಯುತ್ತಿರುವವನೇ! ‘ನನ್ಮಗಂದು ಏನ್ ಬಿಸಿಲು’ ಅಂದಾಗಂತೂ ಯಾರ ಮಗನೂ ಇಲ್ಲ, ಬರೀ ಬೇಗೆ ಇದೆ. ಇದರ ಮೇಲೇ ಬೇರೆ ಲೇಖನ ಬರೆಯಬಹುದು. ನೀವು ಬರೆಯದಿದ್ದರೆ ಬೇರೆಯವರ ಕೈಲಿ ಬರೆಸುತ್ತೇನೆ, ಹೇಳಿರುತ್ತೇನೆ.

ಅಂದಹಾಗೆ ಬೈಗುಳಗಳ ಜಾಗದಲ್ಲಿ ನೀವು ಚುಕ್ಕಿ ಹಾಕಿದ್ದೀರಿ, ‘ಸೂ… ಮಗ’, ‘ಬೋ… ಮಗ’ ಅಂತ. ಚುಕ್ಕಿ ಹಾಕಿದರೆ ಮುಗಿಯಲಿಲ್ಲ. ಓದುವವರು ಮನಸ್ಸಿನಲ್ಲಿ ಪೂರ್ತಿ ಓದಿಕೊಳ್ಳುತ್ತಾರೆ. ಅಲ್ಲಿ ಬೈಸಿಕೊಳ್ಳುವವನು ಮಗ, ಏಟು ಬೀಳುವುದು ತಾಯಿಗೆ. ಅದನ್ನು ಹೇಳುವುದಿದ್ದರೆ ಬೈಗುಳ ತನ್ನಿ. ಸುಮ್ನೆ ಪಟ್ಟಿ ಉದ್ದ ಮಾಡಲು ಬೇಡ.

ಆ ನಾಲ್ಕು ಸಾಲಿಗೆ ಬರುತ್ತೇನೆ. ಹುಬ್ಬಳ್ಳಿಯ ಹಾಸ್ಟೆಲಿನಲ್ಲಿ ಮೊದಲ ವಾರ. ನೀವು ಬಕೆಟ್ ಹಿಡಿದು ನೀರಿನ ಸಾಲಿನಲ್ಲಿ ನಿಂತಿದ್ದಿರಿ. ಹಿಂದಿನಿಂದ ಒಬ್ಬ ‘ಸರಿಯಲೇ ಮಗನ’ ಅಂದ. ನೀವು ಬಕೆಟ್ ಕೆಳಗಿಟ್ಟು ತಿರುಗಿದಿರಿ. ಅವನು ನಗುತ್ತಾ ನಿಮ್ಮ ಬಕೆಟ್ಟನ್ನೂ ಎತ್ತಿ ನಲ್ಲಿಗೆ ಹಿಡಿದ. ಇಷ್ಟು ಬರೆದು, ಮರುಸಾಲಿನಲ್ಲೇ ‘ಹೀಗೆ ಭಾಷೆಯು ಪ್ರಾದೇಶಿಕ ಭಿನ್ನತೆಗಳಿಂದ ಸಮೃದ್ಧವಾಗಿದೆ’ ಎಂದು ಶಾಲೆಯ ಪ್ರಬಂಧಕ್ಕೆ ಓಡಿಹೋಗಿದ್ದೀರಿ. ಯಾಕೆ? ನಾನು ಇನ್ನೂ ಆ ನಲ್ಲಿಯ ಹತ್ತಿರವೇ ನಿಂತಿದ್ದೆ. ನೀವು ಏನಂದಿರಿ? ನಿಮ್ಮ ಕಡೆಯ ‘ಏನ್ಲಾ’ ಬಾಯಿಗೆ ಬಂತಾ? ಬಂದಿದ್ದರೆ ಅದು ಅವನಿಗೆ ಹೇಗೆ ಕೇಳಿಸಿತು? ಅವನಿಗೆ ನೀವು ಮೊದಲ ಸಲ ‘ಮಗಾ’ ಅಂದಾಗ ಅವನು ಏನು ತಿಳಿದುಕೊಂಡ? ರಜೆಗೆ ಮಂಡ್ಯಕ್ಕೆ ಬಂದು ಅಮ್ಮನ ಎದುರು ಬಾಯಿ ತಪ್ಪಿ ‘ಲೇ ಮಗನ’ ಅಂದಿದ್ದುಂಟಾ? ಲೇಖನ ಅಲ್ಲಿದೆ. ನಿಘಂಟು, ತಮಿಳು, ತುಳು ಎಲ್ಲ ಅದರ ನಡುವೆ ಒಂದೊಂದು ಸಾಲಾಗಿ ಬಂದರೆ ಸಾಕು.

ಬರೆಯುವಾಗ ಮಾತನ್ನು ಆಡಿದ ಹಾಗೇ ಬಿಡಿ. ‘ಕುಂತೇನಿ’ಯನ್ನು ‘ಕುಳಿತಿದ್ದೇನೆ’ ಮಾಡಬೇಡಿ. ಪಕ್ಕದಲ್ಲಿ ಕಂಸ ಹಾಕಿ ಅರ್ಥ ಕೊಡುವುದೂ ಬೇಡ. ‘ಮಗಾ (ಗೆಳೆಯ)’ ಎಂದು ಹನ್ನೊಂದು ಕಡೆ ಹಾಕಿದ್ದೀರಿ, ಎಲ್ಲಕ್ಕೂ ಗೆರೆ ಎಳೆದಿದ್ದೇನೆ. ಮಂಡ್ಯದವರಿಗೆ ಧಾರವಾಡದ ಮಾತು ಒಂದು ಕ್ಷಣ ತಡವಾಗಿ ಅರ್ಥವಾದರೆ ಆಗಲಿ. ನಿಮಗೂ ಹಾಗೇ ಆಗಿತ್ತಲ್ಲ. ನಿಮ್ಮ ನಿರೂಪಣೆ ಮಾತ್ರ ನಿಮ್ಮ ಬರವಣಿಗೆಯ ಕನ್ನಡದಲ್ಲೇ ಇರಲಿ. ಎರಡೂ ಕಲಸಿಹೋದರೆ ಯಾರು ಮಾತಾಡುತ್ತಿದ್ದಾರೆ ಅನ್ನೋದೇ ತಿಳಿಯಲ್ಲ.

ಕೊನೆಯ ಪ್ಯಾರಾದಲ್ಲಿ ‘ಯುವಜನರಿಂದ ಕನ್ನಡ ಕೆಡುತ್ತಿದೆ’ ಎಂದು ಕಣ್ಣೀರು ಹಾಕಿದ್ದೀರಿ. ನಿಮಗೇ ಇನ್ನೂ ಇಪ್ಪತ್ತನಾಲ್ಕು ವಯಸ್ಸು ಎಂದು ಪರಿಚಯದಲ್ಲಿ ಬರೆದಿದ್ದೀರಿ. ಯಾರನ್ನು ಮೆಚ್ಚಿಸಲು ಈ ಅಳು? ನನ್ನನ್ನಾದರೆ ಕೆಲಸವಾಗಲಿಲ್ಲ. ಐದು ಪುಟ ಒಂದು ಪದವನ್ನು ಖುಷಿಯಿಂದ ಎತ್ತಿ ಆಡಿಸಿ, ಆರನೇ ಪುಟದಲ್ಲಿ ಅದಕ್ಕೇ ಹೊಡೆದರೆ ಓದುಗರಿಗೆ ನಿಮ್ಮ ಮೇಲಿನ ನಂಬಿಕೆ ಹೋಗುತ್ತದೆ.

ತಿಂಗಳ ಕೊನೆಯೊಳಗೆ ಹೊಸದಾಗಿ ಬರೆದು ಕಳಿಸಿ. ಒಂಬೈನೂರು ಪದ ಮೀರಬೇಡಿ. ತಲೆಬರಹದಿಂದ ‘ನೂರು ಅರ್ಥ’ ತೆಗೆಯಿರಿ, ನಾನು ಎಣಿಸಿದೆ, ಏಳೇ ಇವೆ. ಹಾಸ್ಟೆಲಿನ ಗೆಳೆಯನ ಹೆಸರು ಬದಲಿಸಿ, ಅವರಿಗೆ ಒಂದು ಮಾತು ಹೇಳಿ. ಮತ್ತೆ ದಯವಿಟ್ಟು ಪಿಡಿಎಫ್ ಬೇಡ. ‘ನುಡಿ’ ತಂತ್ರಾಂಶದ ಹಳೇ ಫಾಂಟೂ ಬೇಡ, ತೆರೆದರೆ ಅಕ್ಷರವೆಲ್ಲ ಚೆಲ್ಲಾಪಿಲ್ಲಿ. ಯುನಿಕೋಡ್‌ನಲ್ಲಿ ಟೈಪ್ ಮಾಡಿ ಮೇಲ್‌ಗೆ ಹಾಗೇ ಅಂಟಿಸಿ ಕಳಿಸಿದರೂ ನಡೆಯುತ್ತದೆ.

ನಿಮ್ಮ,
ಸಂಪಾದಕ